ಹಲಗೆ ಗೋಡೆಗೆ ಟೈಲ್ಸು

ನಮ್ಮ ಸಿಂಗಸಂದ್ರದ ಫ್ಲ್ಯಾಟಿನಲ್ಲಿ ಒಂದು ಸುಳ್ಳು ಗೋಡೆ ಇದೆ. ಅಡುಗೆಮನೆಗೂ ಪಾತ್ರೆ ತೊಳೆಯುವ ಯುಟಿಲಿಟಿಗೂ ನಡುವೆ. ಕೆನೆಬಣ್ಣದ ಟೈಲ್ಸ್ ಹೊದ್ದುಕೊಂಡು ಬೇರೆ ಗೋಡೆಗಳ ಜೊತೆ ಗಂಭೀರವಾಗಿ ನಿಂತಿರುತ್ತೆ. ಬೆರಳು ಮಡಚಿ ತಟ್ಟಿದರೆ ಮಾತ್ರ ಗುಟ್ಟು ರಟ್ಟು. ಒಳಗಿರೋದು ಪ್ಲೈವುಡ್. ನಮಗಿಂತ ಮುಂಚೆ ಇದ್ದವರು ಒಂದೇ ಜಾಗವನ್ನು ಎರಡು ಮಾಡಿಕೊಳ್ಳೋಕೆ ನಿಲ್ಲಿಸಿದ್ದು. ಮೇಲೆ ಅವರೇ ಟೈಲ್ಸನ್ನೂ ಅಂಟಿಸಿಬಿಟ್ಟಿದ್ದರು.

ಈ ಮನೆಗೆ ಬಂದ ಮೊದಲ ಮಳೆಗಾಲದಲ್ಲಿ ಒಂದು ರಾತ್ರಿ ಎರಡು ಗಂಟೆಗೆ ಅಡುಗೆಮನೆಯಿಂದ ಢಮಾರ್ ಅಂತ ಸದ್ದು. ಹೆಂಡತಿ ತಿವಿದು ಎಬ್ಬಿಸಿದಳು. ಕಳ್ಳ ಅಂದುಕೊಂಡು ಕೈಗೆ ಸಿಕ್ಕ ಕೊಡೆ ಹಿಡಿದು ಹೋದೆ :-). ಸ್ಟೋವ್ ಪಕ್ಕ ಟೈಲ್ಸ್ ಒಂದು ಬಿದ್ದು ಚೂರಾಗಿತ್ತು. ಮರುದಿನ ಇನ್ನೊಂದು. ಉಳಿದವನ್ನು ತಟ್ಟಿ ನೋಡಿದರೆ ಅರ್ಧಕ್ಕರ್ಧ ಟೊಳ್ಳು. ಬಿದ್ದ ಚೂರನ್ನು ತಿರುಗಿಸಿದೆ. ಹಿಂದೆ ಹಾಕಿದ್ದ ಸಿಮೆಂಟು ಉಗುರಿನಲ್ಲಿ ಕೆರೆದರೆ ವಿಭೂತಿ ಥರ ಉದುರುತ್ತಿತ್ತು.

ಮೇಸ್ತ್ರಿಯೊಬ್ಬರನ್ನು ಕರೆಸಿದೆ. "ಸಾರ್, ಮರ ಸರಿ ಇಲ್ಲ. ಆಚಾರಿ ಕೆಲಸ ಗಟ್ಟಿ ಇದ್ದಿದ್ರೆ ನಮ್ ಟೈಲ್ಸ್ ಯಾಕ್ ಬೀಳುತ್ತೆ?" ಅಂದರು. ಮರಗೆಲಸದವರನ್ನು ಕರೆಸಿದೆ. "ಪ್ಲೈ ಕಲ್ಲಿದ್ದಂಗಿದೆ ಸಾರ್. ಅಂಟಿಸಿದೋರಿಗೆ ಅಂಟಿಸೋಕ್ ಬರಲ್ಲ," ಅಂದರು. ನಮ್ಮ ಆಫೀಸಿನಲ್ಲಿ ಫ್ರಂಟ್‌ಎಂಡ್‌ನವರೂ ಬ್ಯಾಕ್‌ಎಂಡ್‌ನವರೂ ಹೇಳೋದು ಇದನ್ನೇ. ಇಬ್ಬರ ಮಾತೂ ನಿಜ, ಬಗ್ ಇರೋದು ನಡುವೆ.

ಆ ನಡುವೆ ಏನಾಗುತ್ತೆ ಅಂತ ನೋಡೋಣ. ಮರ ಕಡಿದು ಎಷ್ಟೇ ವರ್ಷ ಆಗಿರಲಿ, ಅದು ಗಾಳಿಯ ತೇವ ಕುಡಿಯೋದನ್ನು ಬಿಡಲ್ಲ. ಮಳೆಗಾಲದಲ್ಲಿ ಕುಡಿದು ಹಿಗ್ಗುತ್ತೆ, ಬೇಸಿಗೆಯಲ್ಲಿ ಬಿಟ್ಟು ಕುಗ್ಗುತ್ತೆ. ಹಳೇ ಮನೆಯ ಬಾಗಿಲು ಆಷಾಢದಲ್ಲಿ ಹಾಕೋಕೆ ಬರದೆ ಶಿವರಾತ್ರಿ ಹೊತ್ತಿಗೆ ತಾನಾಗೇ ಸರಿಹೋಗೋದು ಇದರಿಂದಲೇ. ಹಸಿ ತೇಗ ಪೂರ್ತಿ ಒಣಗಿದರೆ ಉಂಗುರಗಳ ಗುಂಟ ಸುಮಾರು ಶೇಕಡಾ 5.8ರಷ್ಟು ಕುಗ್ಗುತ್ತೆ, ಉದ್ದಕ್ಕೆ ಮಾತ್ರ ಬರೀ 0.1ರಿಂದ 0.2. ತೇಗ ಅಂದರೆ ಕಡಿಮೆ ಮಿಸುಕಾಡುವ ಮರ ಅಂತ ಹೆಸರಾದದ್ದು, ನೆನಪಿರಲಿ. ಇದನ್ನೆಲ್ಲ ಓದುವುದಕ್ಕೇ ಮಲ್ಲೇಶ್ವರದಲ್ಲಿ ಕೇಂದ್ರ ಸರ್ಕಾರದ ಮರ ವಿಜ್ಞಾನ ಮತ್ತು ತಂತ್ರಜ್ಞಾನ ಸಂಸ್ಥೆ ಇದೆ. 1938ರಲ್ಲಿ ಅರಣ್ಯ ಸಂಶೋಧನಾ ಪ್ರಯೋಗಾಲಯವಾಗಿ ಶುರುವಾಗಿದ್ದು.

ಇಂಜಿನಿಯರಿಂಗ್ ಓದಿದ ಕರ್ಮಕ್ಕೆ ಒಂದು ಲೆಕ್ಕ ಹಾಕಿದೆ. 200 ಮಿ.ಮೀ. ಅಗಲದ ತೇಗದ ಹಲಗೆಯ ತೇವ ಬೇಸಿಗೆಯಲ್ಲಿ ಶೇಕಡಾ 10, ಮಳೆಗಾಲದಲ್ಲಿ 16 ಅಂತಿಟ್ಟುಕೊಳ್ಳಿ. ಆ ಹಲಗೆ ಎರಡು ಮಿ.ಮೀ.ಗೂ ಸ್ವಲ್ಪ ಹೆಚ್ಚು ಹಿಗ್ಗುತ್ತೆ. ಅಂಥ ಐದು ಹಲಗೆ ಸೇರಿ ಒಂದು ಮೀಟರ್ ಗೋಡೆಯಾದರೆ ಹನ್ನೊಂದು ಮಿ.ಮೀ. ಆಯಿತು. ಸುಟ್ಟ ಮಣ್ಣಿನ ಟೈಲ್ಸ್ ಕಥೆಯೇ ಬೇರೆ. ಹತ್ತು ಡಿಗ್ರಿ ಬಿಸಿ ಏರಿದರೂ ಒಂದು ಮೀಟರಿಗೆ ಅದು ಹಿಗ್ಗೋದು ಮಿಲಿಮೀಟರಿನ ಹತ್ತನೇ ಒಂದು ಪಾಲಿಗೂ ಕಡಿಮೆ. ಒಬ್ಬ ಹನ್ನೊಂದು ಹೆಜ್ಜೆ ನಡೆಯುತ್ತಾನೆ, ಇನ್ನೊಬ್ಬ ಜಾಗ ಬಿಟ್ಟು ಕದಲಲ್ಲ. ಇಬ್ಬರ ಕಾಲನ್ನೂ ಸಿಮೆಂಟಿನಲ್ಲಿ ಕಟ್ಟಿಹಾಕಿದರೆ ಒಂದಲ್ಲ ಒಂದು ಕಡೆ ಹರಿಯಲೇಬೇಕು.

ಪ್ಲೈವುಡ್ ಸ್ವಲ್ಪ ಸಾಧು ಪ್ರಾಣಿ. ಪದರಗಳನ್ನು ಒಂದರ ಮೇಲೊಂದು ಅಡ್ಡಡ್ಡ ಅಂಟಿಸಿರುವುದರಿಂದ ಒಂದನ್ನೊಂದು ಹಿಡಿದುಕೊಳ್ಳುತ್ತವೆ, ಹಿಗ್ಗೋದು ತುಂಬಾ ಕಡಿಮೆ. ಆದರೆ ಕೈ ಒತ್ತಿದರೆ ಬಾಗುತ್ತೆ, ಅಂಚಿಗೆ ನೀರು ತಾಗಿದರೆ ಉಬ್ಬುತ್ತೆ. ಮೇಲಾಗಿ ಮರದ ಮೇಲೆ ನೇರವಾಗಿ ಸಿಮೆಂಟು ಹಚ್ಚಿದರೆ ಅದು ಗಟ್ಟಿಯಾಗೋಕೆ ಬೇಕಾದ ನೀರನ್ನು ಮರವೇ ಹೀರಿಕೊಂಡುಬಿಡುತ್ತೆ. ನಮ್ಮ ಟೈಲ್ಸ್ ಹಿಂದಿನ ವಿಭೂತಿ ಹುಟ್ಟಿದ್ದು ಹಾಗೆ.

ಹಾಗಾದರೆ ದಾರಿ? ನಮ್ಮ ಭಾಷೆಯಲ್ಲಿ ಹೇಳೋದಾದರೆ ಮಿಡಲ್‌ವೇರ್ ಬೇಕು :-). ಒಂದು ವಾರಾಂತ್ಯ ಪೂರ್ತಿ ಹೊಸೂರು ರಸ್ತೆಯಲ್ಲಿ ಕೂಡ್ಲು ಗೇಟಿನಿಂದ ಹೊಸ ರೋಡ್ ತನಕ ಅಂಗಡಿ ಸುತ್ತಿದೆ. ತಲೆ ಮೇಲೆ 2025ರ ಆಗಸ್ಟ್‌ನಲ್ಲಿ ಶುರುವಾದ ಹಳದಿ ಮೆಟ್ರೋ, ಕೆಳಗೆ ನಾನು, ಅಂಗಡಿ ತುಂಬ ಗುಜರಾತಿನ ಮೊರ್ಬಿಯಿಂದ ಬಂದ ಟೈಲ್ಸ್ ಡಬ್ಬಗಳು. ಕೊನೆಗೆ ನಾವು ಮಾಡಿಸಿದ್ದು ಹೀಗೆ. ನಿಮಗೂ ಉಪಯೋಗ ಆಗಬಹುದು ಅಂತ ಬರೀತಿದ್ದೀನಿ.

ಮೊದಲು ಹಳೇ ಟೈಲ್ಸ್ ಎಲ್ಲ ಕಿತ್ತೆವು. ಕೆಳಗಡೆ ನೀರು ಕುಡಿದು ಉಬ್ಬಿದ್ದ ಪ್ಲೈ ಕತ್ತರಿಸಿ ತೆಗೆದು ಅಲ್ಲಿಗೆ 18 ಮಿ.ಮೀ. ದಪ್ಪದ, ಐಎಸ್ 710 ಗುರುತಿರುವ ಮರೀನ್ ಪ್ಲೈ ಹಾಕಿಸಿದೆವು. ಹಿಂದುಗಡೆ ಅಡಿಗೊಂದರಂತೆ ಅಡ್ಡಪಟ್ಟಿ ಕೊಡಿಸಿದೆವು. ಈಗ ಅಂಗೈಯಿಟ್ಟು ಜೋರಾಗಿ ತಳ್ಳಿದರೂ ಬಾಗಬಾರದು. ಬಾಗೋ ಗೋಡೆ ಮೇಲೆ ಎಂಥಾ ಅಂಟು ಹಾಕಿದರೂ ದಂಡ.

ಅದರ ಮೇಲೆ 8 ಮಿ.ಮೀ. ಫೈಬರ್ ಸಿಮೆಂಟ್ ಬೋರ್ಡು. ಅದನ್ನು ಅಂಟಿಸಲ್ಲ, ತುಕ್ಕು ಹಿಡಿಯದ ಸ್ಕ್ರೂಗಳಿಂದ 200 ಮಿ.ಮೀ.ಗೆ ಒಂದರಂತೆ ಬಿಗಿಯೋದು. ಎರಡು ಬೋರ್ಡುಗಳ ನಡುವೆ 3 ಮಿ.ಮೀ. ಜಾಗ ಬಿಟ್ಟು, ಆ ಸಂದಿನ ಮೇಲೆ ಗಾಜಿನ ನಾರಿನ ಜಾಲರಿ ಪಟ್ಟಿ. ನೀರು ತಾಗುವ ಕಡೆ ವಾಟರ್‌ಪ್ರೂಫ್ ಲೇಪನ ಎರಡು ಸಲ.

ಆಮೇಲೆ ಟೈಲ್ಸ್. ಸಾದಾ ಸಿಮೆಂಟ್ ಹಾಲು ಬೇಡವೇ ಬೇಡ. ಚೀಲದ ಮೇಲೆ ಸಿ2 ಎಸ್1 ಅಂತ ಬರೆದಿರುವ ಟೈಲ್ ಅಂಟು ಕೇಳಿ. ಆ ಎಸ್1 ಅಂದರೆ ಒಣಗಿದ ಮೇಲೂ ಸ್ವಲ್ಪ ಬಾಗುತ್ತೆ ಅಂತ, ಪರೀಕ್ಷೆಯಲ್ಲಿ ಎರಡೂವರೆಯಿಂದ ಐದು ಮಿ.ಮೀ.ವರೆಗೆ. ಹಲ್ಲಿನ ಕರಣೆಯಲ್ಲಿ ಗೋಡೆಗೆ ಎಳೆದು, ಟೈಲ್ಸ್ ಬೆನ್ನಿಗೂ ತೆಳ್ಳಗೆ ಸವರಿ ಒತ್ತಬೇಕು. ನಾಲ್ಕು ಮೂಲೆಗೆ ನಾಲ್ಕು ಉಂಡೆ ಇಟ್ಟು ಒತ್ತೋದನ್ನು ಮಾಡೋಕೆ ಬಿಡಬೇಡಿ. ನಮ್ಮ ಟೈಲ್ಸು ಚದರ ಮೀಟರಿಗೆ ಹದಿನಾಲ್ಕು ಹದಿನೈದು ಕೆಜಿ. ಅಷ್ಟು ಭಾರವನ್ನು ನಾಲ್ಕು ಉಂಡೆ ಎಷ್ಟು ವರ್ಷ ಹೊರುತ್ತವೆ?

ಎಲ್ಲಕ್ಕಿಂತ ಮುಖ್ಯವಾದದ್ದು ಕೊನೆಯಲ್ಲಿದೆ. ಗೋಡೆ ಮುಗಿಯುವ ಮೂಲೆ, ಕಟ್ಟೆಗೆ ತಾಗುವ ಅಂಚು, ಇಲ್ಲೆಲ್ಲ ಗ್ರೌಟ್ ತುಂಬಬಾರದು. ಐದು ಮಿ.ಮೀ. ಜಾಗ ಬಿಟ್ಟು ಸಿಲಿಕೋನ್ ತುಂಬಬೇಕು. ನಮ್ಮ ಮೇಸ್ತ್ರಿ "ಸಂದು ಬಿಟ್ರೆ ನೋಡೋರು ಏನಂತಾರೆ ಸಾರ್?" ಅಂತ ಬೇಜಾರು ಮಾಡಿಕೊಂಡರು. ಸಂದು ಇದ್ದರೇನೇ ಗೋಡೆ ಉಳಿಯೋದು ಅಂತ ಒಪ್ಪಿಸೋಕೆ ಎರಡು ಕಾಫಿ ಬೇಕಾಯಿತು. ಅಂದ ಹಾಗೆ, ಸ್ಟೋವ್ ಪಕ್ಕದ ಗೋಡೆಯಾದರೆ ಇನ್ನೊಂದು ಮಾತು. ಟೈಲ್ಸ್ ಸುಡಲ್ಲ, ಆದರೆ ಬಿಸಿಯನ್ನು ಹಿಂದಕ್ಕೆ ದಾಟಿಸುತ್ತೆ. ಹಿಂದಿರೋದು ಮರ. ನಾವು ಸ್ಟೋವನ್ನೇ ಕಾಂಕ್ರೀಟ್ ಗೋಡೆ ಕಡೆಗೆ ಸರಿಸಿದೆವು.

ಕೆಲಸ ಮುಗಿದ ಮೇಲೆ ಹೆಂಡತಿ ಗೋಡೆಯ ಫೋಟೋ ಊರಿಗೆ ಕಳಿಸಿದಳು. ಅರ್ಧ ಗಂಟೆಯೊಳಗೆ ಅಮ್ಮನ ಫೋನು.

"ಮರದ ಮೇಲೆ ಟೈಲ್ಸ್ ಕೂರ್ತದೆ ಅಂತಾಯ್ತಲ್ಲ. ನಮ್ಮ ಹಲಗೆ ಗೋಡೆಗೂ ಹಾಕಿಸಿಕೊಡು ಮಾರಾಯ."

ನಮ್ಮೂರು ಕೊಪ್ಪ ತಾಲೂಕಿನಲ್ಲಿ. ಅಡುಗೆಮನೆಗೂ ನಡುಮನೆಗೂ ನಡುವೆ ಇರುವುದು ಅಜ್ಜ ಮಾಡಿಸಿದ ಹಲಸಿನ ಹಲಗೆಯ ಗೋಡೆ. ನಡುಮನೆ ಕಡೆಯಿಂದ ನೋಡಿದರೆ ಜೇನಿನ ಬಣ್ಣ. ಬಂದವರೆಲ್ಲ ಕೈಯಾಡಿಸಿ, ಈ ಕಾಲದಲ್ಲಿ ಇಂಥದ್ದು ಎಲ್ಲಿ ಸಿಗುತ್ತೆ ಅಂತಾರೆ. ಅಡುಗೆಮನೆ ಕಡೆಗೆ ಯಾರೂ ಕೈಯಾಡಿಸಲ್ಲ. ಅಲ್ಲಿ ಒಲೆ ಇದ್ದ ಕಾಲದ ಮಸಿ, ಅದರ ಮೇಲೆ ಒಗ್ಗರಣೆಯ ಜಿಡ್ಡು, ಅದರ ಮೇಲೆ ಮಳೆಗಾಲದ ಬೂಷ್ಟು. ಮದುವೆಯಾಗಿ ಬಂದಾಗಿನಿಂದ, ಅಂದರೆ ಮೂವತ್ತು ವರ್ಷದಿಂದ, ಪ್ರತಿ ದೀಪಾವಳಿಗೆ ಮೊದಲು ಆ ಗೋಡೆಯನ್ನು ಸೀಗೆಪುಡಿ ಹಾಕಿ ಉಜ್ಜುತ್ತಿರುವುದು ಅಮ್ಮ. ಈಗ ಅವರಿಗೆ ಕೈ ಎತ್ತಿದರೆ ಭುಜ ನೋವು.

ಅಪ್ಪನದು ಒಂದೇ ಮಾತು. "ಅದು ಅಪ್ಪಯ್ಯ ಮಾಡಿಸಿದ ಗೋಡೆ. ನಾನಿರೋ ತನಕ ಅದಕ್ಕೊಂದು ಮೊಳೆ ಹೊಡೆಯೋ ಹಾಗಿಲ್ಲ."

ವಿಷಯ ಮನೆಯ ವಾಟ್ಸಾಪ್ ಗುಂಪಿಗೂ ಬಂತು. ಬೆಂಗಳೂರು, ಪುಣೆ, ಡಲ್ಲಾಸ್‌ನಲ್ಲಿರುವ ದಾಯಾದಿಗಳಿಗೆಲ್ಲ ಒಮ್ಮೆಲೇ ಮಲೆನಾಡು ನೆನಪಾಯಿತು. ಅಯ್ಯೋ ಆ ಗೋಡೆ ಮುಚ್ಚಬೇಡಿ, ನಮ್ಮ ಬಾಲ್ಯ ಅದರಲ್ಲಿದೆ ಅಂತ ಸಾಲು ಸಾಲು ಮೆಸೇಜು. ಅಮ್ಮ ಎಲ್ಲ ಓದಿ ಒಂದೇ ಸಾಲು ಬರೆದರು: "ಈ ಸಲ ದೀಪಾವಳಿಗೆ ಎಲ್ಲರೂ ಬನ್ನಿ, ಗೋಡೆ ತೊಳೆಯೋದಿದೆ." ಗುಂಪು ಎರಡು ದಿನ ಮೌನ.

ಹಳೇ ಮಲೆನಾಡಿನ ಮನೆಗಳ ಬಗ್ಗೆ ನಾವು ಎಷ್ಟು ಬರೆದಿದ್ದೇವೆ! ಮುಚ್ಚಿಗೆ, ಜಗಲಿ, ಕಂಬ, ಕೆಂಪು ನೆಲ. ನನಗೂ ಇಷ್ಟವೇ. ಆದರೆ ಅವನ್ನು ಚಂದವಾಗಿ ಇಟ್ಟಿರುವ ಕೈ ಯಾವುದು ಅಂತ ನಾವು ಬರೆಯೋದು ಕಡಿಮೆ. ನನ್ನ ಓಟು ಅಮ್ಮನಿಗೇ. ಹಾಗಂತ ಅಪ್ಪನ ಮಾತನ್ನು ತಳ್ಳಿಹಾಕುವ ಹಾಗೂ ಇರಲಿಲ್ಲ. ಅವರು ಭಾವನೆಯಿಂದ ಹೇಳಿದ್ದು ಮರದ ಲೆಕ್ಕದಲ್ಲೂ ಸರಿಯೇ ಇತ್ತು.

ಯಾಕೆಂದರೆ ಸಿಂಗಸಂದ್ರದ ಉಪಾಯ ಅಲ್ಲಿ ನಡೆಯಲ್ಲ. ಅದು ಪ್ಲೈವುಡ್, ಇದು ಇಡೀ ಹಲಗೆ. ಅಲ್ಲಿ ಬೆಂಗಳೂರಿನ ಮಳೆ, ಇಲ್ಲಿ ಆಗುಂಬೆಯ ನೆರೆಹೊರೆಯ ಮಳೆ. ಹೋದ ಸಲ ಊರಿಗೆ ಹೋದಾಗ ಟಾರ್ಚ್ ಹಿಡಿದು ಗೋಡೆ ನೋಡಿದೆ. ಅಜ್ಜನ ಕಾಲದ ಆಚಾರಿ ಹಲಗೆಗಳಿಗೆ ಒಂದೇ ಒಂದು ಮೊಳೆ ಹೊಡೆದಿಲ್ಲ. ಕಂಬದಲ್ಲಿ ಉದ್ದಕ್ಕೆ ಕಾಲುವೆಯ ಹಾಗೆ ಕೊರೆದು, ಹಲಗೆಗಳನ್ನು ಅದರೊಳಗೆ ಇಳಿಬಿಟ್ಟಿದ್ದಾರೆ, ಅಷ್ಟೇ. ಮೇಲುಗಡೆ ಹಲಗೆ ಹಿಗ್ಗೋಕೆ ಬೆರಳಗಲ ಜಾಗ. ಶೇಕಡಾವಾರು ಲೆಕ್ಕ ಬರೆಯದೆಯೂ ಅವರಿಗೆ ವಿಷಯ ಗೊತ್ತಿತ್ತು. ಅದರ ಮೇಲೆ ಬೋರ್ಡು ಬಿಗಿದು ಟೈಲ್ಸ್ ಅಂಟಿಸಿದರೆ, ಅವರು ಬಿಟ್ಟ ಜಾಗವನ್ನು ನಾವು ಕಿತ್ತುಕೊಂಡ ಹಾಗೆ. ಟೈಲ್ಸಾದರೂ ಒಡೆಯುತ್ತೆ, ಹಲಗೆಯಾದರೂ ಸೀಳುತ್ತೆ. ಜೊತೆಗೆ ಗೆದ್ದಲು. ಬಯಲಲ್ಲಿರುವ ಹಲಗೆಗೆ ಗೆದ್ದಲು ಹತ್ತಿದರೆ ಮಣ್ಣಿನ ಗೆರೆ ಕಾಣುತ್ತೆ. ಟೈಲ್ಸ್ ಹಿಂದೆ ಹತ್ತಿದರೆ ಗೊತ್ತಾಗೋದು ಗೋಡೆ ಕುಸಿದ ಮೇಲೆ.

ಕೆಂಪು ನೆಲದ ಮೇಲೆ ಅಂಗಾತ ಬಿದ್ದುಕೊಂಡು ಯೋಚಿಸುತ್ತಿದ್ದೆ. ಮೇಲೆ ಕಂಡಿದ್ದು ಹೆಂಚು. ಮಂಗಳೂರಿನ ಜೆಪ್ಪುವಿನಲ್ಲಿ ಬಾಸೆಲ್ ಮಿಶನ್‌ನವರು ಹೆಂಚಿನ ಕಾರ್ಖಾನೆ ಶುರು ಮಾಡಿದ್ದು 1865ರಲ್ಲಿ. ಅಂದರೆ ಸುಟ್ಟ ಮಣ್ಣಿನ ಬಿಲ್ಲೆಯನ್ನು ಮರದ ಮೇಲೆ ಕೂರಿಸೋದು ನಮ್ಮ ಕಡೆ ಹೊಸ ವಿಷಯವೇ ಅಲ್ಲ! ಆದರೆ ಹೆಂಚನ್ನು ಯಾರೂ ರೀಪಿಗೆ ಅಂಟಿಸಲ್ಲ. ಹಿಂದಿರುವ ಸಣ್ಣ ಮೂಗು ರೀಪಿಗೆ ತಗುಲಿಕೊಂಡಿರುತ್ತೆ, ಒಂದರ ಅಂಚು ಇನ್ನೊಂದರ ಮೇಲೆ ಕೂತಿರುತ್ತೆ. ರೀಪು ಹಿಗ್ಗಲಿ, ಕುಗ್ಗಲಿ, ಹೆಂಚಿಗೆ ಚಿಂತೆ ಇಲ್ಲ. ಒಂದು ಒಡೆದರೆ ಅದೊಂದನ್ನೇ ಬದಲಾಯಿಸಿದರೆ ಆಯಿತು. ಒಟ್ಟಿಗೆ ಬಾಳೋಕೆ ಅಂಟಿಕೊಳ್ಳಲೇಬೇಕು ಅಂತೇನೂ ಇಲ್ಲ.

ಅಲ್ಲಿಗೆ ನಕ್ಷೆ ಸಿಕ್ಕಿತು. ಗೋಡೆಗೆ ಟೈಲ್ಸ್ ಹಾಕೋದಲ್ಲ, ಗೋಡೆಯ ಮುಂದೆ ಹಾಕೋದು. ಹಲಗೆಯಿಂದ ಎರಡು ಇಂಚು ಈಚೆಗೆ ಕಬ್ಬಿಣದ ಜಿಐ ಚೌಕಟ್ಟು, ನೆಲಕ್ಕೆ ಬೋಲ್ಟು. ಮೇಲುಗಡೆ ಎರಡು ಕಂಬಗಳಿಗೆ ಪಟ್ಟಿ ಸುತ್ತಿ ಹಿಡಿಯೋದು, ಕಂಬಕ್ಕೂ ಮೊಳೆ ಇಲ್ಲ. ಚೌಕಟ್ಟಿಗೆ ಸಿಮೆಂಟ್ ಬೋರ್ಡು, ಅದರ ಮೇಲೆ ಟೈಲ್ಸ್, ಎದೆಮಟ್ಟದವರೆಗೆ ಮಾತ್ರ. ಕೆಳಗೂ ಮೇಲೂ ಗಾಳಿಗೆ ಸಂದು. ಟಾರ್ಚ್ ಬಿಟ್ಟು ಗೆದ್ದಲು ಇದೆಯಾ ಅಂತ ನೋಡಬಹುದು. ಮುಂದೆ ಯಾರಿಗಾದರೂ ಬೇಡ ಅನ್ನಿಸಿದರೆ ಬೋಲ್ಟ್ ಬಿಚ್ಚಿದರೆ ಹಲಗೆ ಹಾಗೇ ಸಿಗುತ್ತೆ.

ಅಪ್ಪನಿಗೆ ಕಾಗದದಲ್ಲಿ ಬಿಡಿಸಿ ತೋರಿಸಿದೆ. ಕನ್ನಡಕ ಹಾಕಿಕೊಂಡು ತುಂಬಾ ಹೊತ್ತು ನೋಡಿದರು. "ಹಲಗೆಗೆ ಏನೂ ತಾಗಲ್ಲ ಅಲ್ವಾ?" ಅಂತ ಎರಡು ಸಲ ಕೇಳಿದರು. ತಾಗಲ್ಲ ಅಂದೆ. "ಹಾಗಾದ್ರೆ ಅವಳಿಗೆ ಯಾವ ಬಣ್ಣ ಬೇಕು ಕೇಳು," ಅಂತ ಎದ್ದು ತೋಟಕ್ಕೆ ಹೋದರು. ನಮ್ಮ ಅಪ್ಪನ ಭಾಷೆಯಲ್ಲಿ ಇದು ಪೂರ್ಣ ಸಮ್ಮತಿ.

ಮಳೆ ನಿಂತು ನೆಲ ಒಣಗಿದ ಮೇಲೆ ಕೆಲಸ ಶುರು. ಹೂವು, ಬಳ್ಳಿ, ಹಣ್ಣಿನ ಚಿತ್ರ ಇರುವ ಟೈಲ್ಸ್‌ಗಳ ಫೋಟೋ ಹತ್ತು ಹದಿನೈದು ಕಳಿಸಿದೆ. ಅಮ್ಮನಿಗೆ ಯಾವುದೂ ಬೇಡವಂತೆ. ಬರೀ ಬಿಳಿ ಸಾಕಂತೆ, ಒಂದು ಸಲ ಒದ್ದೆ ಬಟ್ಟೆ ಎಳೆದರೆ ಹೋಗುವಂಥದ್ದು.

ನಿಮ್ಮ ಮನೆಗಳಲ್ಲೂ ಇಂಥ ಹಲಗೆ ಗೋಡೆ ಇದ್ದರೆ, ಯಾರಾದರೂ ಇದಕ್ಕಿಂತ ಸುಲಭದ ಉಪಾಯ ಮಾಡಿದ್ದರೆ ಹೇಳಿ. ಇನ್ನೂ ಜಿಐ ಚೌಕಟ್ಟಿಗೆ ಆರ್ಡರ್ ಕೊಟ್ಟಿಲ್ಲ.