ಬಂಡೆಯ ಮೇಲಿನ ಸಾಂಬಾ

ರಾಮನಗರದ ರಾಮದೇವರ ಬೆಟ್ಟಕ್ಕೆ ಬಂದವರು ಪಟ್ಟಾಭಿರಾಮನಿಗೆ ಕೈಮುಗಿದು, ಆಮೇಲೆ ‘ಶೋಲೆ’ ಚಿತ್ರದ ಡಕಾಯಿತ ಗಬ್ಬರ್ ಸಿಂಗನ ಜಾಗ ಯಾವುದೆಂದು ಕೇಳುತ್ತಾರೆ. ನನ್ನ ಕಣ್ಣು ಮಾತ್ರ ಬಂಡೆಗಳ ನೆತ್ತಿಯನ್ನೇ ಹುಡುಕುತ್ತದೆ. ಗಡ್ಡ ಬಿಟ್ಟು, ಬಂದೂಕು ಹಿಡಿದು ಅಲ್ಲಿ ಕೂತಿದ್ದವನು ಗಬ್ಬರನ ಬಂಟ ಸಾಂಬಾ.

ಆ ಪಾತ್ರ ಮಾಡಿದ ಮ್ಯಾಕ್ ಮೋಹನ್ ಅವರ ಹುಟ್ಟುಹೆಸರು ಮೋಹನ್ ಮಾಖಿಜಾನಿ. 1938ರಲ್ಲಿ ಕರಾಚಿಯಲ್ಲಿ ಹುಟ್ಟಿದವರು. ಕ್ರಿಕೆಟ್ ಆಟಗಾರನಾಗಬೇಕೆಂದು ಮುಂಬೈಗೆ ಬಂದರು. ನಾಟಕದ ರುಚಿ ಹತ್ತಿತು, ಬ್ಯಾಟು ಬಿಟ್ಟು ಬಣ್ಣ ಹಚ್ಚಿದರು. 1964ರಲ್ಲಿ ಚೇತನ್ ಆನಂದರ ‘ಹಕೀಕತ್’ನಲ್ಲಿ ತೆರೆಗೆ ಬಂದ ಮೇಲೆ ಸಿಕ್ಕಿದ್ದೆಲ್ಲ ಸಣ್ಣಪುಟ್ಟ ಪಾತ್ರಗಳೇ.

1973ರ ಅಕ್ಟೋಬರಿನಲ್ಲಿ ನಿರ್ದೇಶಕ ರಮೇಶ್ ಸಿಪ್ಪಿ ಇಲ್ಲಿ ‘ಶೋಲೆ’ಯ ಚಿತ್ರೀಕರಣ ಶುರುಮಾಡಿದರು. ಕಲಾ ನಿರ್ದೇಶಕ ರಾಮ್ ಯೆಡೇಕರ್ ಬೆಟ್ಟದ ಮಗ್ಗುಲಲ್ಲಿ ಇಡೀ ಹಳ್ಳಿಯನ್ನೇ ಎಬ್ಬಿಸಿದ್ದರು. ಈ ಚಿತ್ರಕ್ಕಾಗಿ ಮ್ಯಾಕ್ ಮೋಹನ್ ಮುಂಬೈಯಿಂದ 27 ಸಲ ಓಡಾಡಿದರಂತೆ. ಅಷ್ಟಕ್ಕೂ ಜನರ ನೆನಪಿನಲ್ಲಿ ಉಳಿದದ್ದು ಮೂರೇ ಪದ: ಪೂರೆ ಪಚಾಸ್ ಹಜಾರ್, ಅಂದರೆ ಪೂರ್ತಿ ಐವತ್ತು ಸಾವಿರ. ಕತ್ತರಿ ಬಿದ್ದ ಚಿತ್ರ ನೋಡಿ ಅತ್ತುಬಿಟ್ಟೆ, ಇಷ್ಟನ್ನಾದರೂ ಯಾಕೆ ಉಳಿಸಿದಿರಿ, ತೆಗೆದೇಬಿಡಿ ಎಂದು ಸಿಪ್ಪಿಯವರನ್ನು ಕೇಳಿಕೊಂಡೆ ಎಂದು ಅವರೇ ಮುಂದೆ ಹೇಳಿದ್ದರು. ಚಿತ್ರ ಓಡಿದರೆ ಜನ ನಿನ್ನನ್ನು ಸಾಂಬಾ ಎಂದೇ ಗುರುತಿಸುತ್ತಾರೆ ಎಂಬುದು ಸಿಪ್ಪಿಯವರ ಉತ್ತರವಾಗಿತ್ತಂತೆ.

ಗಬ್ಬರ್ ತನ್ನ ತಲೆಯ ಬೆಲೆ ಎಷ್ಟೆಂದು ಸಾಂಬಾನನ್ನು ಕೇಳುವ ಆ ದೃಶ್ಯವನ್ನು ಎಷ್ಟು ಸಲ ನೋಡಿದರೂ ನನಗೆ ಅನ್ನಿಸುವುದು ಒಂದೇ: ಗಬ್ಬರನನ್ನು ದೊಡ್ಡವನನ್ನಾಗಿ ಮಾಡಿದ್ದು ಸಾಂಬಾನ ಉತ್ತರ. ಸರ್ಕಾರ ತನ್ನ ತಲೆಗೆ ಕಟ್ಟಿದ ಬೆಲೆ ಗಬ್ಬರನಿಗೆ ಗೊತ್ತಿಲ್ಲವೇ? ತಾನೇ ಹೇಳಿಕೊಂಡಿದ್ದರೆ ಬರೀ ಜಂಬವಾಗುತ್ತಿತ್ತು. ಕೆಳಗಿನಿಂದ ಅವನು ಕೇಳುತ್ತಾನೆ, ಮೇಲಿನಿಂದ ಉತ್ತರ ಬೀಳುತ್ತದೆ. ಸಾಂಬಾ ದನಿ ಏರಿಸುವುದಿಲ್ಲ, ಅಭಿನಯ ತೋರಿಸಲು ಹೋಗುವುದಿಲ್ಲ. ಸಂತೆಯಲ್ಲಿ ಧಾರಣೆ ಹೇಳುವವನಂತೆ ಹೇಳಿ ಮುಗಿಸುತ್ತಾನೆ. ನೋಡುವವರಿಗೆ ಭಯ ಹುಟ್ಟುವುದೇ ಆ ತಣ್ಣಗಿನ ದನಿಯಿಂದ. ಗಬ್ಬರ್ ಆದ ಅಮ್ಜದ್ ಖಾನ್ ಕೂಡ ಆಗಿನ್ನೂ ಹೆಸರು ಮಾಡಿರಲಿಲ್ಲ ಎಂಬುದನ್ನು ನೆನೆದರೆ ಮೈ ಜುಮ್ಮೆನ್ನುತ್ತದೆ. ಸುಮಾರು 250 ಕೋಟಿ ವರ್ಷ ಹಳೆಯ ನಮ್ಮ ಈ ಗ್ರಾನೈಟಿನ ನಡುವೆ ಅವರಿಬ್ಬರಿಗೂ ಬದುಕಿಡೀ ಬಿಡದ ಹೆಸರು ಸಿಕ್ಕಿತು.

1975ರ ಆಗಸ್ಟ್ 15ರಂದು ಚಿತ್ರ ತೆರೆಕಂಡಿತು. ಮ್ಯಾಕ್ ಮೋಹನ್ ಆಮೇಲೆ ‘ಡಾನ್’, ‘ಕರ್ಜ್’ ಎಂದು ಲೆಕ್ಕವಿಲ್ಲದಷ್ಟು ಚಿತ್ರಗಳಲ್ಲಿ ಖಳರ ಗುಂಪಿನಲ್ಲಿ ನಿಂತರು. 2010ರ ಮೇ 10ರಂದು ಅವರು ತೀರಿಕೊಂಡಾಗ ಜನ ಮಾತಾಡಿಕೊಂಡದ್ದೂ ಸಾಂಬಾ ಹೋದ ಎಂದೇ.