ಸೆರೆಯಲ್ಲಿ ಕಂಡ ಸೂರ್ಯನಗರ

ಬಿಸಿಲೇರಿತೆಂದು ಪರದೆ ಇಳಿಬಿಡುವವರಿಗೆ ಬಿಸಿಲಿನ ಬೆಲೆ ತಿಳಿಯದು, ಸೆರೆಮನೆಯವನಿಗೆ ತಿಳಿದೀತು. ಇಟಲಿಯ ಕ್ರೈಸ್ತಸಂನ್ಯಾಸಿ ತೊಮ್ಮಾಸೊ ಕಂಪನೆಲ್ಲನು, ಸ್ಪೇನಿನ ಆಳ್ವಿಕೆಯ ವಿರುದ್ಧ ಪಿತೂರಿ ಹೂಡಿದನೆಂಬ ಆರೋಪಕ್ಕೊಳಗಾಗಿ, 1599ರಿಂದ ಸುಮಾರು 27 ವರ್ಷ ಸೆರೆಯಲ್ಲಿದ್ದನು. 1602ರಲ್ಲಿ ನೇಪಲ್ಸಿನ ಆ ಸೆರೆಯಲ್ಲಿಯೇ ಆತನು ‘ಸೂರ್ಯನಗರ’ವೊಂದನ್ನು ಕಲ್ಪಿಸಿ ಬರೆದನು.

ಗ್ರಹಗಳ ಹೆಸರು ಹೊತ್ತ ಏಳು ಸುತ್ತಿನ ಕೋಟೆ, ಬೆಟ್ಟದ ನೆತ್ತಿಯಲ್ಲಿ ದೇಗುಲ. ಅಲ್ಲಿನ ಜನ ಸೂರ್ಯನನ್ನು ದೇವರ ಪ್ರತಿರೂಪವೆಂದು ಗೌರವಿಸುವರು. ಗೋಡೆಗಳ ಮೇಲೆ ಸಕಲ ಶಾಸ್ತ್ರಗಳ ಚಿತ್ರ. ಮಕ್ಕಳು ಆಡುತ್ತಲೇ ಕಲಿಯುವರು. ದುಡಿಮೆ ದಿನಕ್ಕೆ ನಾಲ್ಕೇ ಗಂಟೆ.

ಆದರೆ ತನ್ನದೆಂಬ ಮನೆ ಯಾರಿಗೂ ಇಲ್ಲ. ಗಂಡುಹೆಣ್ಣಿನ ಜೋಡಿಯನ್ನೂ ಅಧಿಕಾರಿಗಳೇ ಗೊತ್ತುಮಾಡುವರು. ಹೊರಗಿನಿಂದ ಮುಚ್ಚಿದ ಕದವನ್ನೇ ಕಂಡವನು, ಒಳಗಿನಿಂದ ಮುಚ್ಚಿಕೊಳ್ಳುವ ಕದದ ಸುಖವನ್ನು ಮರೆತನೇನೋ!