ಆಗುಂಬೆ ಘಾಟಿ ಹತ್ತಿದ ಪದ್ಮಿನಿ

ತೀರ್ಥಹಳ್ಳಿಯಿಂದ ಪಡುವಣಕ್ಕೆ ಹೊರಟ ರಸ್ತೆ ಮೇಗರವಳ್ಳಿ ದಾಟಿ ಆಗುಂಬೆ ಸೇರುವವರೆಗೆ ಸಾಧುವಾಗಿಯೇ ಇರುತ್ತದೆ. ಅತ್ತ ಇತ್ತ ಅಡಕೆ ತೋಟ, ಗದ್ದೆ, ನಡುನಡುವೆ ಕಾಡು. ಆಗುಂಬೆ ಪೇಟೆ ಕಳೆದು ಸೂರ್ಯಾಸ್ತ ನೋಡುವ ಕಟ್ಟೆಯ ಹತ್ತಿರ ಬಂದೊಡನೆ ನೆಲವೇ ಮುಗಿದುಹೋದಂತೆ ತೋರುತ್ತದೆ. ಅಲ್ಲಿಂದ ಹದಿನಾಲ್ಕು ಕಡಿದಾದ ತಿರುವುಗಳಲ್ಲಿ ರಸ್ತೆ ಸುಮಾರು ಐನೂರು ಮೀಟರ್ ಕೆಳಗಿಳಿದು ಸೋಮೇಶ್ವರ ಮುಟ್ಟುತ್ತದೆ. ಭಾರೀ ವಾಹನಗಳಿಗೆ ಇಲ್ಲಿ ಪ್ರವೇಶವಿಲ್ಲ. ಅದೃಷ್ಟವಿದ್ದರೆ ಕೊಂಬೆಯ ಮೇಲೆ ಸಿಂಗಳೀಕಗಳು ಕಾಣುತ್ತವೆ. ಇಷ್ಟು ಸಣ್ಣ ದೂರದಲ್ಲಿ ಹವೆ ಬದಲಾಗುತ್ತದೆ, ಮಾತು ಬದಲಾಗುತ್ತದೆ. ಮೇಲೆ 'ಮೇಷ್ಟ್ರು' ಅನ್ನಿಸಿಕೊಂಡವನು ಕೆಳಗೆ ಇಳಿದೊಡನೆ 'ಮಾಸ್ಟ್ರು' ಆಗುತ್ತಾನೆ!

ಕಳೆದ ಜನವರಿಯ ಒಂದು ಭಾನುವಾರ ಮುಂಜಾನೆ ಮಿನಿ ಬಸ್ಸಿನಲ್ಲಿ ಈ ಘಾಟಿ ಇಳಿದವರು ನಾವು ಮೂವರು. ನಾನು, ನಮ್ಮೂರಿನ ಹಿರಿಯ ಮೆಕ್ಯಾನಿಕ್ ಮತ್ತು ಅವರ ಗ್ಯಾರೇಜಿನ ಹುಡುಗ. ಹುಡುಗ ನನ್ನ ಹಳೆಯ ವಿದ್ಯಾರ್ಥಿ. ಎರಡು ವರ್ಷದ ಹಿಂದೆ ಎಸ್ಸೆಸ್ಸೆಲ್ಸಿಯಲ್ಲಿ ವಿಜ್ಞಾನಕ್ಕೆ ಸರಿಯಾಗಿ ಮೂವತ್ತೈದು ತೆಗೆದು ಪಾಸಾಗಿದ್ದ. "ಓದು ಇವನ ತಲೆಗೆ ಹತ್ತಲ್ಲ ಮೇಷ್ಟ್ರೇ. ಬೆಂಗಳೂರಲ್ಲಿ ಯಾವ್ದಾದ್ರೂ ಅಂಗಡಿ ಕೆಲಸಕ್ಕೆ ಹಾಕ್ತೀನಿ" ಎಂದು ಅವನ ತಂದೆ ಸಿಕ್ಕಾಗಲೆಲ್ಲ ಹೇಳುತ್ತಿದ್ದರು. ನಾವು ಹೊರಟದ್ದು ಹೆಬ್ರಿಯ ಆಚೆಯ ಒಂದು ಮನೆಗೆ. ಅಲ್ಲಿದ್ದ 1996ರ ಪ್ರೀಮಿಯರ್ ಪದ್ಮಿನಿ ಕಾರನ್ನು ನೋಡಿ, ಒಪ್ಪಿಗೆಯಾದರೆ ಕೊಂಡು, ಓಡಿಸಿಕೊಂಡೇ ಬರುವುದು ಉದ್ದೇಶ. "ನಿವೃತ್ತಿ ಹತ್ತಿರ ಬಂದಾಗ ಮನೆಗೆ ಪದ್ಮಿನಿಯನ್ನು ಕರ್ಕೊಂಡು ಬರ್ತಾರಂತೆ" ಎಂದು ನಮ್ಮ ಮನೆಯವರು ಬೀದಿಗೆಲ್ಲ ಹೇಳಿ ನಗಿಸಿದ್ದರು.

ಅಯಸ್ಕಾಂತ ಹಿಡಿದು ಕಾರು ನೋಡಿದ್ದು

ಕಾರಿನ ಯಜಮಾನರು ಮುಂಬೈಯ ಹೋಟೆಲುಗಳಲ್ಲಿ ದುಡಿದು, ಊರಿಗೆ ಮರಳಿದ ಮೇಲೆ ಈ ಕಾರು ಕೊಂಡವರಂತೆ. ಅವರು ತೀರಿಕೊಂಡು ಮೂರು ವರ್ಷವಾಗಿತ್ತು. ಮಕ್ಕಳು ಹೊರದೇಶದಲ್ಲಿ. ಗುಜರಿಯವನು ತೂಕದ ಲೆಕ್ಕದಲ್ಲಿ ಇಪ್ಪತ್ತೇಳು ಸಾವಿರಕ್ಕೆ ಕೇಳಿ ಹೋಗಿದ್ದ. ಆ ತಾಯಿ ಹೇಳಿದ್ದು ಇಷ್ಟೇ: "ಗುಜ್ರಿಗೆ ಕೊಡ್ಲಿಕ್ಕೆ ಮನಸ್ಸು ಬರುವುದಿಲ್ಲ ಮಾಸ್ಟ್ರೆ. ಮಕ್ಕಳನ್ನು ಶಾಲೆಗೆ ಬಿಟ್ಟದ್ದು ಇದ್ರಲ್ಲೇ. ಓಡಿಸುವವರಿಗೆ ಕೊಡುವ ಅಂತ."

ಮನಸ್ಸು ಕರಗಿದರೂ ಕಣ್ಣು ಮುಚ್ಚಿ ಕೊಳ್ಳುವಂತಿಲ್ಲ. ಪದ್ಮಿನಿಗೆ ಲಾರಿಯಂತೆ ಪ್ರತ್ಯೇಕ ಚಾಸಿಸ್ ಇಲ್ಲ, ದೇಹದ ತಗಡೇ ಅದರ ಎಲುಬು. ಹಾಗಾಗಿ ತಳಭಾಗಕ್ಕೆ ತುಕ್ಕು ಹಿಡಿದರೆ ಎಂಜಿನ್ ಎಷ್ಟು ಚೆನ್ನಾಗಿದ್ದರೂ ಕಾರು ಮುಗಿದಂತೆ. ಕರಾವಳಿಯ ತೇವ ಮತ್ತು ಉಪ್ಪುಗಾಳಿ ತುಕ್ಕಿಗೆ ಹಬ್ಬವಿದ್ದಂತೆ. ನಾನು ಪ್ರಯೋಗಾಲಯದಿಂದ ಒಂದು ದಂಡಕಾಂತವನ್ನು ಬಟ್ಟೆಯಲ್ಲಿ ಸುತ್ತಿ ತಂದಿದ್ದೆ. ತಗಡು ಇರುವಲ್ಲಿ ಅದು ಗಟ್ಟಿಯಾಗಿ ಕಚ್ಚುತ್ತದೆ. ತುಕ್ಕು ತಿಂದ ತೂತಿಗೆ ಪುಟ್ಟಿ ಮೆತ್ತಿ ಬಣ್ಣ ಹೊಡೆದಿದ್ದರೆ ಅಲ್ಲಿ ಹಿಡಿಯುವುದಿಲ್ಲ. ಎಡ ಹಿಂಬಾಗಿಲಿನ ಕೆಳಗೆ ಒಂದು ಗೇಣಿನಷ್ಟು ಜಾಗದಲ್ಲಿ ಹಿಡಿಯಲಿಲ್ಲ. ಉಳಿದೆಲ್ಲ ಕಡೆ ಹಿಡಿಯಿತು. ಅಷ್ಟನ್ನು ಟಿಂಕರಿಂಗ್‌ನಲ್ಲಿ ಸರಿ ಮಾಡಬಹುದೆಂದು ಮೆಕ್ಯಾನಿಕ್ ತಲೆಯಾಡಿಸಿದರು.

ಎಂಜಿನ್ ಚಾಲೂ ಆದಾಗ ಸದ್ದು ಒಂದೇ ಸಮ ಇರಲಿಲ್ಲ. ಹುಡುಗ ಬಾನೆಟ್ಟಿನ ಮೇಲೆ ಬಾಗಿ ಅರ್ಧ ನಿಮಿಷ ಕೇಳಿದ. "ಮೂರನೇದು ಹೊಡೀತಿಲ್ಲ" ಅಂದ. ಮೆಕ್ಯಾನಿಕ್ ಒಂದೊಂದೇ ಪ್ಲಗ್ಗಿನ ವೈರು ಕಿತ್ತು ಪರೀಕ್ಷಿಸಿದರು. ಬೇರೆ ಯಾವುದನ್ನು ಕಿತ್ತರೂ ಎಂಜಿನ್ ಇನ್ನಷ್ಟು ಕುಂಟಿತು. ಮೂರನೆಯದನ್ನು ಕಿತ್ತಾಗ ಏನೂ ವ್ಯತ್ಯಾಸವಾಗಲಿಲ್ಲ. ಹೊಸ ಪ್ಲಗ್ ಹಾಕಿದ ಮೇಲೆ ಸದ್ದು ಸಮನಾಯಿತು. ತರಗತಿಯಲ್ಲಿ 'ನಾಲ್ಕು ಹಂತದ ಎಂಜಿನ್ನಿನ ಚಿತ್ರ ಬರೆದು ಭಾಗಗಳನ್ನು ಗುರುತಿಸಿ' ಎಂಬ ಪ್ರಶ್ನೆಗೆ ಬರೀ ಖಾಲಿ ಹಾಳೆ ಕೊಡುತ್ತಿದ್ದ ಹುಡುಗ ಇವನೇ.

ಒಂದು ಲಕ್ಷದ ಐದು ಸಾವಿರಕ್ಕೆ ಮಾತು ಮುಗಿಯಿತು. ಆರ್.ಸಿ. ಪುಸ್ತಕ, ವಿಮೆ, ಎಫ್.ಸಿ. ಎಲ್ಲ ಚಾಲ್ತಿಯಲ್ಲಿದ್ದವು. ಚಾಸಿಸ್ ನಂಬರು ಮತ್ತು ಎಂಜಿನ್ ನಂಬರು ಪುಸ್ತಕದಲ್ಲಿದ್ದಂತೆಯೇ ಕಾರಿನ ಮೇಲೂ ಇದ್ದವು. ಹೆಸರು ವರ್ಗಾವಣೆಯ 29 ಮತ್ತು 30ನೇ ನಮೂನೆಗಳಿಗೆ ಅಲ್ಲೇ ಸಹಿ ಆಯಿತು.

ಕುರ್ಲಾದಿಂದ ಬಂದವಳು

ಈ ಕಾರಿನ ಪೂರ್ವಕಥೆಯಲ್ಲಿ ಕನ್ನಡಿಗರೊಬ್ಬರ ಪಾತ್ರವಿದೆ ಎಂಬುದು ಅನೇಕರಿಗೆ ತಿಳಿಯದು. ಭಾರತದಲ್ಲಿ ಮೋಟಾರು ಕಾರು ತಯಾರಾಗಬೇಕೆಂದು 1930ರ ದಶಕದಲ್ಲೇ ಹಟ ತೊಟ್ಟವರು ಸರ್ ಎಂ. ವಿಶ್ವೇಶ್ವರಯ್ಯನವರು. ಅದಕ್ಕಾಗಿ 1935ರಲ್ಲಿ ಯುರೋಪ್ ಮತ್ತು ಅಮೆರಿಕಗಳ ಕಾರ್ಖಾನೆಗಳನ್ನು ನೋಡಿ ಬಂದು ಮುಂಬೈಯಲ್ಲಿ ಕಾರ್ಖಾನೆ ಕಟ್ಟುವ ಯೋಜನೆ ಬರೆದರು. ಅದರಲ್ಲಿ ಕೈಜೋಡಿಸಿದ ಉದ್ಯಮಿ ವಾಲಚಂದ್ ಹೀರಾಚಂದ್. ಬ್ರಿಟಿಷ್ ಸರ್ಕಾರದಿಂದ ಬೇಕಾದ ಆಸರೆ ಸಿಗಲಿಲ್ಲ. ಇದೇ ವಾಲಚಂದ್ 1940ರಲ್ಲಿ ಮೈಸೂರು ಸಂಸ್ಥಾನದ ನೆರವಿನಿಂದ ಬೆಂಗಳೂರಿನಲ್ಲಿ ವಿಮಾನ ಕಾರ್ಖಾನೆ ಶುರು ಮಾಡಿದರು. ಅದೇ ಮುಂದೆ ಎಚ್.ಎ.ಎಲ್. ಆಯಿತು. 1944ರಲ್ಲಿ ಅವರು ಪ್ರೀಮಿಯರ್ ಆಟೊಮೊಬೈಲ್ಸ್ ಸ್ಥಾಪಿಸಿದರು. ಅದರ ಕಾರ್ಖಾನೆ ಮುಂಬೈಯ ಕುರ್ಲಾದಲ್ಲಿತ್ತು.

1950ರ ದಶಕದಲ್ಲಿ ಇಟಲಿಯ ಫಿಯೆಟ್ ಜೊತೆ ಒಪ್ಪಂದವಾಗಿ ಅಲ್ಲಿ ಫಿಯೆಟ್ ಕಾರುಗಳು ತಯಾರಾದವು. 1964ರಲ್ಲಿ ಬಂದದ್ದು 'ಫಿಯೆಟ್ 1100 ಡಿಲೈಟ್'. 1970ರ ದಶಕದಲ್ಲಿ ಅದೇ ಕಾರಿಗೆ ಮೊದಲು 'ಪ್ರೀಮಿಯರ್ ಪ್ರೆಸಿಡೆಂಟ್' ಎಂದೂ, 1974ರಲ್ಲಿ ಚಿತ್ತೋರಿನ ರಾಣಿಯ ನೆನಪಿಗೆ 'ಪದ್ಮಿನಿ' ಎಂದೂ ಹೆಸರಾಯಿತು. ಹೆಸರು ಬದಲಾದರೂ ಜನರ ಬಾಯಲ್ಲಿ ಅದು 'ಫಿಯೆಟ್' ಆಗಿಯೇ ಉಳಿಯಿತು. ಇಟಲಿಯಲ್ಲಿ ಈ ಮಾದರಿ 1966ರಲ್ಲೇ ನಿಂತಿತ್ತು. ನಮ್ಮಲ್ಲಿ ಮಾತ್ರ 2000ದ ಸುಮಾರಿನವರೆಗೂ ತಯಾರಾಯಿತು. ಲೈಸೆನ್ಸಿನ ಆ ಕಾಲದಲ್ಲಿ ಗಿರಾಕಿಗೆ ಹೆಚ್ಚು ಆಯ್ಕೆಗಳಿರಲಿಲ್ಲ. ಹಣ ಕಟ್ಟಿ ವರ್ಷಗಟ್ಟಲೆ ಕಾಯಬೇಕಿತ್ತು. ಪೈಪೋಟಿಯಿಲ್ಲದ ಕಡೆ ಸುಧಾರಣೆ ನಿಧಾನವಾಗುತ್ತದೆ ಎಂಬುದಕ್ಕೆ ಇದೊಂದು ಉದಾಹರಣೆ.

ಆದರೆ ಅದರಿಂದ ಇನ್ನೊಂದು ಪರಿಣಾಮವೂ ಆಯಿತು. ಒಂದೇ ಯಂತ್ರ ಮೂವತ್ತೈದು ವರ್ಷ ಹೆಚ್ಚು ಬದಲಾಗದೆ ಉಳಿದದ್ದರಿಂದ, ಅದನ್ನು ಬಿಚ್ಚಿ ಕಟ್ಟುವ ವಿದ್ಯೆ ಮುಂಬೈಯ ಟ್ಯಾಕ್ಸಿ ಗ್ಯಾರೇಜಿನಿಂದ ಮಲೆನಾಡಿನ ಪೇಟೆಯವರೆಗೆ ಹರಡಿತು. ಮುಂಬೈಯಲ್ಲಿ ಟ್ಯಾಕ್ಸಿಗಳಿಗೆ ಇಪ್ಪತ್ತು ವರ್ಷದ ಮಿತಿಯಿದೆ. 2003ರ ಅಕ್ಟೋಬರಿನಲ್ಲಿ ನೋಂದಣಿಯಾಗಿದ್ದ ಕಟ್ಟಕಡೆಯ ಪದ್ಮಿನಿ ಟ್ಯಾಕ್ಸಿಯ ಅವಧಿ ಮುಗಿದು, 2023ರ ಅಕ್ಟೋಬರ್ 30ರಿಂದ ಆ ಕಪ್ಪು-ಹಳದಿ ಪದ್ಮಿನಿಗಳು ರಸ್ತೆಯಿಂದ ಮರೆಯಾದವು. ಕಾರುಗಳ ಜೊತೆಗೆ ಅವುಗಳ ವಿದ್ಯೆ ಬಲ್ಲವರೂ ಒಬ್ಬೊಬ್ಬರಾಗಿ ಕಡಿಮೆಯಾಗುತ್ತಿದ್ದಾರೆ.

ಘಾಟಿಯ ಲೆಕ್ಕ

ಮಧ್ಯಾಹ್ನ ಊಟ ಮುಗಿಸಿ ಹೊರಟೆವು. ಆ ತಾಯಿ ಡಿಕ್ಕಿಗೆ ಒಂದು ಮೂಟೆ ತೆಂಗಿನಕಾಯಿ ಹಾಕಿಸಿದರು. ಮೆಕ್ಯಾನಿಕ್ ಚಾಲಕರ ಸೀಟಿನಲ್ಲಿ ಕೂತರು. ಗೇರು ಕಾಲ ಬಳಿ ಇಲ್ಲ, ಸ್ಟೀರಿಂಗ್ ಕೊಳವೆಗೇ ಜೋಡಿಸಿದ ಕಡ್ಡಿ. ಒಟ್ಟು ನಾಲ್ಕು ಗೇರು. ಸೋಮೇಶ್ವರದಲ್ಲಿ ನಿಲ್ಲಿಸಿ ರೇಡಿಯೇಟರಿನ ನೀರು ನೋಡಿ, ಎರಡು ಕ್ಯಾನು ನೀರು ತುಂಬಿಕೊಂಡೆವು.

ವಿದ್ಯಾರ್ಥಿಗಳೇ, ಈ ಏರಿನಲ್ಲಿ ಎಂಜಿನ್ ಮಾಡುವ ಕೆಲಸವನ್ನು ನೀವೇ ಲೆಕ್ಕ ಹಾಕಬಹುದು. ಕಾರಿನ ತೂಕ ಸುಮಾರು 900 ಕೆ.ಜಿ. ನಾವು ಮೂವರು, ಸಾಮಾನು, ತೆಂಗಿನಕಾಯಿ ಎಲ್ಲ ಸೇರಿ 1,200 ಕೆ.ಜಿ. ಎಂದಿಟ್ಟುಕೊಳ್ಳಿ. ಅದನ್ನು 500 ಮೀಟರ್ ಎತ್ತಬೇಕು. ರಾಶಿ, ಗುರುತ್ವ ವೇಗೋತ್ಕರ್ಷ 9.8 ಮತ್ತು ಎತ್ತರ, ಈ ಮೂರನ್ನು ಗುಣಿಸಿದರೆ ಸುಮಾರು 59 ಲಕ್ಷ ಜೂಲ್ ಆಗುತ್ತದೆ. ಒಂದು ಲೀಟರ್ ಪೆಟ್ರೋಲಿನಲ್ಲಿ ಸುಮಾರು 3.2 ಕೋಟಿ ಜೂಲ್ ಶಕ್ತಿಯಿದ್ದರೂ ಹಳೆಯ ಎಂಜಿನ್ನಿನಿಂದ ಚಕ್ರಕ್ಕೆ ತಲುಪುವುದು ಐದರಲ್ಲಿ ಒಂದು ಪಾಲು ಮಾತ್ರ, ಅಂದರೆ 64 ಲಕ್ಷ. ಹೆಚ್ಚು ಕಡಿಮೆ ಒಂದು ಲೀಟರ್ ಪೆಟ್ರೋಲು ನಮ್ಮನ್ನು ಮೇಲೆತ್ತಲಿಕ್ಕೇ ಬೇಕು! ಉಳಿದ ನಾಲ್ಕು ಪಾಲು ಶಾಖವಾಗಿ ಹೊಗೆ ಕೊಳವೆ ಮತ್ತು ರೇಡಿಯೇಟರುಗಳ ಮೂಲಕ ಹೊರಹೋಗಬೇಕು.

ಇಳಿಯುವಾಗ ಲೆಕ್ಕ ತಿರುಗುಮುರುಗು. ಅದೇ 59 ಲಕ್ಷ ಜೂಲನ್ನು ಕಳೆಯಬೇಕು. ಎಲ್ಲವನ್ನೂ ಬ್ರೇಕಿನ ಮೇಲೆ ಹಾಕಿದರೆ ಅದು ಹದಿನೆಂಟು ಲೀಟರಿಗೂ ಹೆಚ್ಚು ತಣ್ಣೀರನ್ನು ಕುದಿಯುವ ಹಂತಕ್ಕೆ ತರುವಷ್ಟು ಶಾಖ. ಪದ್ಮಿನಿಯ ನಾಲ್ಕೂ ಚಕ್ರಗಳಲ್ಲಿರುವುದು ಡ್ರಮ್ ಬ್ರೇಕು. ಕಾದರೆ ಹಿಡಿತ ಸಡಿಲವಾಗುತ್ತದೆ. ಬೆಳಿಗ್ಗೆ ಮಿನಿ ಬಸ್ಸಿನ ಚಾಲಕ ಕೆಳ ಗೇರಿನಲ್ಲೇ ಇಳಿಸಿದ್ದು ಇದಕ್ಕೇ. ಹತ್ತಲು ಬೇಕಾದ ಗೇರಿನಲ್ಲೇ ಇಳಿಯಬೇಕು ಎಂಬುದು ಘಾಟಿಯ ಹಳೆಯ ನಿಯಮ.

ಅರ್ಧಕ್ಕಿಂತ ಹೆಚ್ಚು ತಿರುವು ಹತ್ತಿದ ಮೇಲೆ ಎಂಜಿನ್ ಬಿಕ್ಕಿ ಬಿಕ್ಕಿ ನಿಂತಿತು. ಹುಡುಗ ಚಕ್ಕನೆ ಇಳಿದು ಹಿಂದಿನ ಚಕ್ರಕ್ಕೆ ಕಲ್ಲು ಕೊಟ್ಟ. ಕಾರ್ಬುರೇಟರ್ ಇರುವ ಯಾವ ಹಳೆಯ ಕಾರಿಗಾದರೂ ಬಿಸಿಲಿನ ಏರಿನಲ್ಲಿ ಆಗಬಹುದಾದದ್ದೇ ಆಗಿತ್ತು. ಎಂಜಿನ್ನಿನ ಕಾವಿಗೆ ಪೈಪಿನೊಳಗಿನ ಪೆಟ್ರೋಲು ಆವಿಯಾಗಿ ಗುಳ್ಳೆ ಕಟ್ಟುತ್ತದೆ. ಪಂಪು ದ್ರವವನ್ನು ತಳ್ಳಬಲ್ಲದು, ಆವಿಯನ್ನು ತಳ್ಳಲಾರದು. ನಾವು ಹೇಳುವ ಮೊದಲೇ ಹುಡುಗ ತನ್ನ ಟವೆಲನ್ನು ನೀರಿನಲ್ಲಿ ಅದ್ದಿ ಹಿಂಡಿ ಪೆಟ್ರೋಲ್ ಪಂಪಿಗೆ ಸುತ್ತಿದ್ದ.

"ಯಾಕೋ ಒದ್ದೆ ಬಟ್ಟೆ?" ಎಂದು ಕೇಳಿದೆ.

"ನೀರು ಆರೋವಾಗ ಬಿಸಿ ಎಳ್ಕೊಳ್ತದಲ್ಲ ಸಾರ್, ಮಣ್ಣಿನ ಹೂಜಿ ಥರ" ಅಂದ.

ಪಾಠದಲ್ಲಿ ಇದನ್ನು 'ಬಾಷ್ಪೀಕರಣದ ಗುಪ್ತೋಷ್ಣ' ಎನ್ನುತ್ತೇವೆ. ಹತ್ತು ನಿಮಿಷಕ್ಕೆ ಕಾರು ಮತ್ತೆ ಹೊರಟಿತು. ಹುಡುಗ ಕಲ್ಲನ್ನು ರಸ್ತೆಯ ಅಂಚಿಗೆ ಎಸೆಯುವುದನ್ನು ಮರೆಯಲಿಲ್ಲ. ಆಗುಂಬೆಯಲ್ಲಿ ಚಹಾ ಕುಡಿದು, ಕತ್ತಲಾಗುವ ಮೊದಲು ತೀರ್ಥಹಳ್ಳಿಯಲ್ಲಿದ್ದೆವು.

ಬಾನೆಟ್ ತೆರೆದ ತರಗತಿ

ಈಗ ತಿಂಗಳಿಗೊಂದು ಶನಿವಾರ ಮಧ್ಯಾಹ್ನ ಪದ್ಮಿನಿ ಶಾಲೆಯ ಅಂಗಳಕ್ಕೆ ಬರುತ್ತದೆ. ಹೊಸ ಕಾರುಗಳ ಬಾನೆಟ್ ತೆರೆದರೆ ಕಾಣುವುದು ಹೆಚ್ಚಾಗಿ ಪ್ಲಾಸ್ಟಿಕ್ ಮುಚ್ಚಳ. ಇದರಲ್ಲಿ ಎಲ್ಲವೂ ಕಣ್ಣಿಗೆ ಕಾಣುತ್ತದೆ, ಕೈಗೂ ಎಟುಕುತ್ತದೆ. ಸಿಲಿಂಡರಿನ ವ್ಯಾಸ 68 ಮಿ.ಮೀ., ಪಿಸ್ಟನ್ ಚಲಿಸುವ ದೂರ 75 ಮಿ.ಮೀ. ಇಂಥ ನಾಲ್ಕು ಸಿಲಿಂಡರ್‌ಗಳ ಗಾತ್ರ ಲೆಕ್ಕ ಹಾಕಿದ ಮಕ್ಕಳಿಗೆ 1,089 ಸಿ.ಸಿ. ಎಂಬ ಉತ್ತರ ಸಿಕ್ಕಿ, ಅದೇ ಅಂಕಿ ಆರ್.ಸಿ. ಪುಸ್ತಕದಲ್ಲೂ ಕಂಡಾಗ ಆದ ಖುಷಿಯನ್ನು ನೋಡಬೇಕಿತ್ತು. ಕೀಲಿ ತೆಗೆದು, ಪ್ಲಗ್ಗುಗಳನ್ನು ಬಿಚ್ಚಿ, ಮೇಲಿನ ಗೇರಿನಲ್ಲಿಟ್ಟು ಕಾರನ್ನು ಮೆಲ್ಲಗೆ ತಳ್ಳಿದರೆ ಪ್ಲಗ್ಗಿನ ತೂತಿಗೆ ಒತ್ತಿದ ಹೆಬ್ಬೆರಳನ್ನು ಒಳಗಿನ ಗಾಳಿ ನೂಕುತ್ತದೆ. ಯಾವ ಸಿಲಿಂಡರಿನ ನಂತರ ಯಾವುದು ಎಂದು ನಾಲ್ವರು ಮಕ್ಕಳು ಬೆರಳಿನಿಂದಲೇ ಕಂಡುಹಿಡಿದರು: ಒಂದು, ಮೂರು, ನಾಲ್ಕು, ಎರಡು. ಕಿಡಿ ಹಾರುವ ಕ್ರಮವೂ ಅದೇ.

ಈ ತರಗತಿಯಲ್ಲಿ ಬಿಚ್ಚಿ ತೋರಿಸುವವನು ಗ್ಯಾರೇಜಿನ ಹುಡುಗ. ಒಂದು ಶನಿವಾರ ಅವನ ತಂದೆ ಗೇಟಿನ ಬಳಿ ನಿಂತು ಕೊನೆಯವರೆಗೂ ನೋಡಿದರು. ಏನೂ ಹೇಳಲಿಲ್ಲ. ಮುಂದಿನ ವಾರ ಐ.ಟಿ.ಐ.ಯ ಮೋಟಾರು ವಾಹನ ಮೆಕ್ಯಾನಿಕ್ ತರಬೇತಿಯ ಅರ್ಜಿ ಹಿಡಿದು ನಮ್ಮ ಮನೆಗೆ ಬಂದರು. ಹುಡುಗ ಈಗ ಅಲ್ಲಿ ಮೊದಲ ವರ್ಷದಲ್ಲಿದ್ದಾನೆ.

ಕೊಳ್ಳಬೇಕೆನ್ನುವವರಿಗೆ

ಇದನ್ನು ಓದಿ ಯಾರಾದರೂ ಮಗನಿಗೆ ಕಾಲೇಜಿಗೆ ಹೋಗಲು ಪದ್ಮಿನಿ ಕೊಡಿಸಲು ಹೊರಟರೆ, ದಯವಿಟ್ಟು ಬೇಡ. ಇದರಲ್ಲಿ ಏರ್‌ಬ್ಯಾಗ್ ಇಲ್ಲ, ಇಂದಿನ ಬ್ರೇಕುಗಳ ಭದ್ರತೆ ಇಲ್ಲ. ನನ್ನ ಲೆಕ್ಕದ ಪುಸ್ತಕದ ಪ್ರಕಾರ ಲೀಟರಿಗೆ ಹನ್ನೊಂದು ಕಿಲೋಮೀಟರ್ ದಾಟುವುದಿಲ್ಲ. ಹದಿನೈದು ವರ್ಷ ದಾಟಿದ ಖಾಸಗಿ ಕಾರಿನ ನೋಂದಣಿಯನ್ನು ಐದು ವರ್ಷಕ್ಕೊಮ್ಮೆ ಪರೀಕ್ಷೆ ಮಾಡಿಸಿ ನವೀಕರಿಸಬೇಕು. ಬಂಕುಗಳಲ್ಲಿ ಈಗ ಸಿಗುವ ಪೆಟ್ರೋಲಿಗೆ ಇಪ್ಪತ್ತು ಭಾಗದವರೆಗೆ ಎಥನಾಲ್ ಬೆರೆತಿರುತ್ತದೆ. ಅದು ಹಳೆಯ ರಬ್ಬರನ್ನು ಹಾಳುಮಾಡುವುದರಿಂದ ಪೆಟ್ರೋಲಿನ ಪೈಪುಗಳನ್ನೂ ಪಂಪಿನೊಳಗಿನ ರಬ್ಬರ್ ಪೊರೆಯನ್ನೂ ಬದಲಿಸಬೇಕು. ಎಥನಾಲ್ ನೀರನ್ನೂ ಹೀರುತ್ತದೆ. ಕಾರನ್ನು ತಿಂಗಳುಗಟ್ಟಲೆ ನಿಲ್ಲಿಸಿಟ್ಟರೆ ಟ್ಯಾಂಕಿಗೆ ತುಕ್ಕು. ವಾರಕ್ಕೊಮ್ಮೆಯಾದರೂ ಓಡಿಸಲು ಬಿಡುವಿಲ್ಲದವರು ಇಂಥ ಕಾರಿನ ಆಸೆ ಬಿಡುವುದೇ ಲೇಸು.

ಇಷ್ಟಾದರೂ ಕೊಳ್ಳುತ್ತೇನೆ ಎನ್ನುವವರಿಗೆ ಒಂದೇ ಸಲಹೆ. ಬಣ್ಣ, ಬೆಲೆ, ವರ್ಷ ಎಲ್ಲ ಆಮೇಲೆ. ಮೊದಲು ನಿಮ್ಮೂರಿನಲ್ಲಿ ಈ ಕಾರನ್ನು ಬಲ್ಲ ಮೆಕ್ಯಾನಿಕ್ ಒಬ್ಬರನ್ನು ಹುಡುಕಿ. ಅವರಿಗೆ ವಯಸ್ಸಾಗಿದ್ದರೆ, ಅವರ ಹತ್ತಿರ ಕಲಿಯುವ ಹುಡುಗ ಇದ್ದಾನೆಯೇ ಎಂದು ವಿಚಾರಿಸಿ. ಇದ್ದರೆ ಧೈರ್ಯವಾಗಿ ಮುಂಗಡ ಕೊಡಿ.